ಎಡಗೈಯ ಜಡೆ

ದುಬೈಯ ಸತ್ವಾದ ಲೇಡೀಸ್ ಸಲೂನಿನಲ್ಲಿ ನಾನು ಕೂದಲು ಕತ್ತರಿಸುತ್ತಿದ್ದಾಗ ಜಪಾನಿನ ಹೆಂಗಸೊಬ್ಬಳು ತಿಂಗಳಿಗೊಮ್ಮೆ ಬರುತ್ತಿದ್ದಳು. ಇಲ್ಲಿಗೆ ಬರುವ ಮೊದಲು ತನ್ನ ಊರಲ್ಲಿ ಅವಳು ನಟಿಯಾಗಿದ್ದಳು. ದೊಡ್ಡವರಿಗೆ ಮಾತ್ರ ಎಂದು ಬೋರ್ಡು ಹಾಕುವ ಭೂತದ, ಕೊಲೆಯ ಸಿನಿಮಾಗಳು. ಬಟ್ಟೆ ಕಳಚಬೇಕು, ಕಿರುಚಬೇಕು, ಕಡೆಗೆ ಸಾಯಬೇಕು. ಇದನ್ನೆಲ್ಲ ಅವಳೇ ನನ್ನ ಕುರ್ಚಿಯಲ್ಲಿ ಕೂತು, ಮಧ್ಯಾಹ್ನದ ಅಡುಗೆಯ ವಿಷಯದಷ್ಟು ಸಲೀಸಾಗಿ ಹೇಳಿದ್ದಳು. "ಸಾಯುವುದರಲ್ಲಿ ನನ್ನಷ್ಟು ಅನುಭವ ಯಾರಿಗೂ ಇಲ್ಲ" ಎಂದು ನಗುತ್ತಿದ್ದಳು. ನಾಚಿಕೆ ಇರಲಿಲ್ಲ, ನೋವು ಒಂದಿತ್ತು. ಅವಳ ಅಮ್ಮ ಮಗಳ ಒಂದು ಸಿನಿಮಾವನ್ನೂ ನೋಡಿರಲಿಲ್ಲ, ನೋಡಲು ಒಪ್ಪಿಯೂ ಇರಲಿಲ್ಲ.

ಒಂದು ದಿನ ಬಂದವಳು ಕೂರಲೇ ಇಲ್ಲ. ದುಬೈಯಲ್ಲೇ ತೆಗೆಯುವ ತಲೆಯೆಣ್ಣೆಯ ಜಾಹೀರಾತಿನಲ್ಲಿ ತಾಯಿಯ ಪಾತ್ರಕ್ಕೆ ಪರೀಕ್ಷೆಗೆ ಕರೆದಿದ್ದರಂತೆ.

"ಇದು ಸಿಕ್ಕರೆ ಅಮ್ಮನಿಗೆ ಕಳಿಸಬಹುದು" ಎಂದಳು ತನ್ನ ಹರಕು ಇಂಗ್ಲಿಷಿನಲ್ಲಿ. "ಆದರೆ ಮಗುವಿನ ತಲೆ ಬಾಚಿಯೇ ಗೊತ್ತಿಲ್ಲ ನನಗೆ."

"ಅದಕ್ಕೆಂತ? ಶುಕ್ರವಾರ ಮನೆಗೆ ಬಾ. ನನ್ನ ಮಗಳ ತಲೆ ಉಂಟಲ್ಲ!" ಎಂದೆ.

ಗಂಡನಿಗೆ ಹೇಳಿದರೆ ಹಾರಿಬಿದ್ದರು. "ನಿಂಗೆ ಮಂಡೆ ಸಮ ಉಂಟಾ? ಅಲ್ಲಿಯವರ ಆ ಸಿನಿಮಾ ಹೇಗಿರ್ತದೆ ಅಂತ ಗೊತ್ತುಂಟಾ?"

"ನಿಮಗೆ ಹೇಗೆ ಗೊತ್ತಾಯ್ತು ಮಾರಾಯ್ರೆ? ಎಲ್ಲಿ ನೋಡಿದ್ದು?"

ಖಲಾಸ್. ಮೀನು ತರುತ್ತೇನೆಂದು ಚೀಲ ಹಿಡಿದು ಹೊರಟೇಹೋದರು.

ನಾಲ್ಕಾರು ಸಂಸಾರಗಳು ಹಂಚಿಕೊಂಡ ವಿಲ್ಲಾದಲ್ಲಿ ನಮ್ಮದು ಒಂದೇ ಕೋಣೆ. ಚಾಪೆಯ ಮೇಲೆ ಮಗಳನ್ನು ಕೂರಿಸಿ, ಅವಳ ಹಿಂದೆ ಈಕೆಯನ್ನು ಕೂರಿಸಿ ಪಾಠ ಶುರು ಮಾಡಿದೆ. ತೆರೆಯ ಮೇಲೆ ಕತ್ತಿ ಕೊಡಲಿಗಳಿಗೆ ಕತ್ತು ಒಡ್ಡಿದವಳು ಮಗುವಿನ ತಲೆಗೆ ಬಾಚಣಿಗೆ ತಾಗಿಸಲು ಹೆದರುತ್ತಿದ್ದಳು. "ಮಮ್ಮಾ, ಶೀ ಈಸ್ ಪುಲ್ಲಿಂಗ್!" ಎಂದು ಮಗಳು ಕೂಗಿದರೆ ಆ ಪುಟ್ಟ ಬೆನ್ನಿಗೇ ತಲೆಬಾಗಿ ಕ್ಷಮೆ ಕೇಳುತ್ತಿದ್ದಳು. ಅಯ್ಯೋ ಪಾಪ ಅನ್ನಿಸುತ್ತಿತ್ತು. ಒಂದು ವಿಷಯಕ್ಕೆ ಮಾತ್ರ ನನಗೆ ಸಿಟ್ಟು. ಅವಳು ಎಡಚಿ.

"ಎಡಗೈಯಲ್ಲಿ ತಲೆಗೆ ಎಣ್ಣೆ ಹಾಕುವುದುಂಟಾ? ಬಲಗೈ, ಬಲಗೈ!" ಎಂದು ಕೈಗೆ ಮೆಲ್ಲಗೆ ಹೊಡೆಯುತ್ತಿದ್ದೆ. ಚಿಕ್ಕಂದಿನಲ್ಲಿ ನಮ್ಮಮ್ಮ ನನಗೆ ಹೊಡೆದ ಹಾಗೆಯೇ.

ನಾಲ್ಕೈದು ಶುಕ್ರವಾರಗಳಲ್ಲಿ ಎರಡು ಜಡೆ ಹಾಕಿ, ಮಡಚಿ, ರಿಬ್ಬನ್ ಕಟ್ಟುವಷ್ಟು ಕಲಿತಳು. ಪಾತ್ರವೂ ಸಿಕ್ಕಿತು. ಆ ದಿನ ನಾನು ಸಲೂನಿನಲ್ಲಿ ಎಲ್ಲರಿಗೂ ಚಹಾ ತರಿಸಿದೆ.

ಜಾಹೀರಾತು ತಯಾರಾದ ಮೇಲೆ ಫೋನಿನಲ್ಲಿ ತೋರಿಸಿದಳು. ಮುಖವೇ ಇಲ್ಲ! ಎಣ್ಣೆ ಹಚ್ಚುವ ಎರಡು ಕೈ, ಮಗುವಿನ ಜಡೆ, ಅಷ್ಟೇ. ಸಾಲದ್ದಕ್ಕೆ ಗಾಬರಿಯಲ್ಲಿ ನನ್ನ ಪಾಠವನ್ನೆಲ್ಲ ಮರೆತು ಎಡಗೈಯಲ್ಲೇ ಎಣ್ಣೆ ಹಚ್ಚಿ ಬಾಚಿದ್ದಳು.

"ಇವರ ಮನೆ ಹಾಳಾಗ! ಮುಖ ಯಾಕೆ ಕತ್ತರಿಸಿದ್ದು? ನಿನ್ನಮ್ಮನಿಗೆ ಇನ್ನೇನು ಕಳಿಸ್ತೀ?" ಎಂದು ಕೂಗಾಡಿದೆ. ಅವಳಿಗಿಂತ ಮೊದಲು ನನಗೇ ಅಳು ಬಂತು.

ಅವಳು ನನ್ನ ಎದುರೇ ಅದನ್ನು ಅಮ್ಮನಿಗೆ ಕಳಿಸಿದಳು, ಒಂದಕ್ಷರವನ್ನೂ ಬರೆಯದೆ.

ಎರಡು ದಿನ ಬಿಟ್ಟು ಮಧ್ಯಾಹ್ನದ ಸುಡುಬಿಸಿಲಿನಲ್ಲಿ ಸಲೂನಿಗೆ ಓಡಿ ಬಂದಳು. ಕಣ್ಣಲ್ಲಿ ನೀರು, ಬಾಯಲ್ಲಿ ನಗು. ಅಮ್ಮ ಫೋನ್ ಮಾಡಿದ್ದರಂತೆ. ಅವರ ಮಾತನ್ನು ನಿಂತಲ್ಲೇ ಇಂಗ್ಲಿಷಿಗೆ ತಿರುಗಿಸಿ ಹೇಳಿದಳು.

"ಕೈ ನೋಡಿಯೇ ನೀನೆಂದು ಗೊತ್ತಾಯಿತು. ನಾನೂ ನಿನಗೆ ಎಡಗೈಯಲ್ಲೇ ಬಾಚುತ್ತಿದ್ದೆನಲ್ಲ. ನಿನ್ನ ಬೇರೆ ಸಿನಿಮಾ ಇದ್ದರೆ ಕಳಿಸು, ನೋಡುತ್ತೇನೆ."