ಒಂದು ತೆಂಗಿನಕಾಯಿಗೆ ಪೊಲೀಸ್ ಕಾವಲು

ಮಗಳ ಹೊಸ ಕಾರು ಮೂರು ದಿನದಿಂದ ಡ್ರೈವ್‌ವೇಯಲ್ಲಿ ನಿಂತಿದೆ. ಕುಂಕುಮ ಹಚ್ಚಿಯಾಗಿದೆ, ಚಕ್ರದ ಕೆಳಗಿಡಲು ನಿಂಬೆಹಣ್ಣು ಬಂದಿದೆ, ತೆಂಗಿನಕಾಯಿ ಅಡುಗೆಮನೆಯ ಕಟ್ಟೆಯ ಮೇಲಿದೆ. "ಅಪ್ಪಾ, ಕಾಯಿ ಯಾವಾಗ ಬ್ರೇಕ್ ಮಾಡೋದು?" ಎಂದು ಅವಳು ಕೇಳುತ್ತಾಳೆ, ನಾಳೆ ಎನ್ನುತ್ತೇನೆ. ಕಾಯಿಯನ್ನು ಎತ್ತಿ, ಕಿವಿಯ ಹತ್ತಿರ ಅಲ್ಲಾಡಿಸಿ, ನೀರಿದೆ ಎಂದು ಖಾತ್ರಿ ಮಾಡಿಕೊಂಡು ಮತ್ತೆ ಅಲ್ಲೇ ಇಡುತ್ತೇನೆ. ದಿನಕ್ಕೆ ನಾಲ್ಕು ಸಲ. ನನ್ನ ತಲೆ ಕೆಟ್ಟಿದೆ ಎಂದುಕೊಳ್ಳಬೇಡಿ. ಕೆಲವು ವರ್ಷಗಳ ಹಿಂದೆ ಇದೇ ಊರಿನ ಕೋರ್ಟು ಒಂದು ತೆಂಗಿನಕಾಯಿಯ ದೆಸೆಯಿಂದ ಪೊಲೀಸ್ ಕಾವಲು ಹಾಕಿಸಿತ್ತು. ಅದನ್ನು ಬೇಡಿದ ಅರ್ಜಿಯ ಮೇಲೆ ಇದ್ದದ್ದು ನನ್ನ ಸಹಿ.

ಅರ್ಜಿ ನಾಗರಾಜನ ಮೇಲೆ. ನಾನು ಅಮೆರಿಕದ ಈ ಅಲ್ಫರೆಟಾ ಊರಿಗೆ ಬಂದ ಹೊಸತರಲ್ಲಿ ನನಗೆ ಡ್ರೈವಿಂಗ್ ಕಲಿಸಿದವನು ಅವನೇ. ಹೈವೇಯಲ್ಲಿ ನಾನು ಆಮೆಯಂತೆ ಹೋಗುತ್ತಿದ್ದರೆ, "ಬ್ರೇಕ್ ಮೇಲಿಂದ ಕಾಲ್ ತೆಗಿ ಗುರು, ಹಿಂದೆ ಇರೋರೂ ಮನೆಗೆ ಹೋಗ್ಬೇಕು" ಎನ್ನುತ್ತಿದ್ದ. ನನ್ನ ಮೊದಲ ಕಾರಿಗೆ ಕಾಯಿ ಒಡೆದದ್ದೂ ಅವನೇ. ಅಪಾರ್ಟ್‌ಮೆಂಟಿನ ಪಾರ್ಕಿಂಗ್ ಲಾಟ್ ಗಲೀಜು ಮಾಡಿದ್ದಕ್ಕೆ ಮ್ಯಾನೇಜರ್ ಪತ್ರ ಕಳಿಸಿದಾಗ, ಅದನ್ನು ಫ್ರಿಜ್ಜಿಗೆ ಅಂಟಿಸಿಕೊಂಡು ತಿಂಗಳುಗಟ್ಟಲೆ ನಕ್ಕಿದ್ದೆವು.

ಕೋವಿಡ್ ಕಳೆದ ಮೇಲೆ ನಮ್ಮ ಪುಟ್ಟ ಕನ್ನಡ ಸಂಘ ಎರಡು ಹೋಳಾಯಿತು. ಅಧ್ಯಕ್ಷರ ಚುನಾವಣೆಯಲ್ಲಿ ವೋಟು ಎಣಿಸಿದವನು ನಾಗರಾಜ. ಸೋತವರು ನಮ್ಮ ಕಡೆಯವರು, ನಾನು ಅವರ ಕಾರ್ಯದರ್ಶಿ. ಅವನು ವೋಟು ತಿದ್ದಿದ್ದಾನೆ ಎಂದು ಸಭಾಂಗಣದ ಹೊರಗೆ ಗಲಾಟೆ ಎದ್ದಿತು. ಯಾರೋ, "ಸತ್ಯವಂತ ಆದ್ರೆ ಕಾಯಿ ಒಡೆದು ಆಣೆ ಮಾಡು" ಎಂದರು. ಅವತ್ತಿನ ಪೂಜೆಗೆಂದು ತಂದಿದ್ದ ಚೀಲಕ್ಕೆ ನಾಗರಾಜ ಕೈ ಹಾಕಿ ಕಾಯಿ ತೆಗೆದ. "ಒಂದು ವೋಟೂ ನಾನು ಮುಟ್ಟಿಲ್ಲ" ಎಂದು ಸಿಮೆಂಟಿನ ಮೇಲೆ ಈಡುಗಾಯಿ ಹಾಕಿದ. ಒಂದು ಚೂರು ಹಾರಿ ನನ್ನ ಮೊಣಕಾಲಿನ ಕೆಳಗೆ ತಗುಲಿತು. ರಕ್ತವೇನೂ ಬರಲಿಲ್ಲ, ಪ್ಯಾಂಟು ಒದ್ದೆಯಾಯಿತು.

ಮರುಚುನಾವಣೆ ಬೇಕು, ಅದಕ್ಕೆ ಪೊಲೀಸರೂ ಬೇಕು ಎಂದು ನಮ್ಮವರು ಲಾಯರ್ ಹಿಡಿದರು. ಆತ ಇಲ್ಲಿಯವನು, ಈಡುಗಾಯಿ ಎಂದರೇನೆಂದು ಗೊತ್ತಿಲ್ಲದ ಅಮೆರಿಕನ್. ಅವನು ಕೇಳಿದ್ದು ಎರಡೇ ಪ್ರಶ್ನೆ: ಏನಾದರೂ ಎಸೆದರೇ, ಯಾರಿಗಾದರೂ ತಗುಲಿತೇ. ಎರಡಕ್ಕೂ ನಾನು ಹೌದು ಎಂದೆ. ಆಣೆಯ ವಿಷಯ ಅವನು ಕೇಳಲಿಲ್ಲ, ನಾನೂ ಹೇಳಲಿಲ್ಲ. ಎದುರು ಪಕ್ಷದ ವ್ಯಕ್ತಿ ಗಟ್ಟಿ ವಸ್ತುವೊಂದನ್ನು ಕಾರ್ಯದರ್ಶಿಯ ಕಾಲಿನ ಬಳಿ ಬಲವಾಗಿ ಎಸೆದರು, ಅದರ ಚೂರು ಬಡಿಯಿತು, ಕಾರ್ಯದರ್ಶಿಗೆ ಜೀವಭಯವಿದೆ ಎಂದು ಅರ್ಜಿ ತಯಾರಾಯಿತು.

ನನ್ನ ಹೆಂಡತಿ ಅದನ್ನು ಎರಡು ಸಲ ಓದಿದಳು. "ಜೀವಭಯಾನಾ ನಿಮಗೆ? ನಾಗರಾಜ್ ಅವರಿಂದಾನಾ?"

"ಅದು ಲೀಗಲ್ ಲ್ಯಾಂಗ್ವೇಜ್ ಕಣೇ. ಹಾಗೇ ಬರೀಬೇಕು."

"ಅವರ ಗ್ರೀನ್ ಕಾರ್ಡ್ ಇನ್ನೂ ಬಂದಿಲ್ಲ ರೀ."

ನನಗೆ ಗೊತ್ತಿತ್ತು. ಪೊಲೀಸು, ಕೋರ್ಟು ಎಂಬ ಮಾತಿನ ಪಕ್ಕ ಹೆಸರು ಬಂದರೆ ಸಾಕು, ವೀಸಾದ ಮೇಲೆ ಇರುವವನಿಗೆ ನಿದ್ದೆ ಹಾರಿಹೋಗುತ್ತದೆ. ಆದರೂ ಸಹಿ ಮಾಡಿದೆ. ಗೆಲ್ಲಬೇಕಿತ್ತು, ಅಷ್ಟೇ.

ಕೋರ್ಟು ಎರಡಕ್ಕೂ ಒಪ್ಪಿತು. ಮರುಚುನಾವಣೆಯ ದಿನ ಬಾಗಿಲಲ್ಲಿ ಒಬ್ಬ ಪೊಲೀಸ್ ನಿಂತಿದ್ದ, ತುಂಬ ಸಭ್ಯ ಮನುಷ್ಯ. ಗಣಪತಿ ಪೂಜೆಗೆಂದು ಆಂಟಿಯೊಬ್ಬರು ತಂದ ಚೀಲ ನೋಡಿ, ಕಾಯಿಯನ್ನು ಕೈಗೆತ್ತಿಕೊಂಡು ನನ್ನನ್ನು ಕರೆದ. ಕೋರ್ಟಿನ ಪೇಪರಿನಲ್ಲಿರುವ ಗಟ್ಟಿ ವಸ್ತು ಇದೇನಾ, ಇದನ್ನೇ ನಿಮ್ಮ ಮೇಲೆ ಎಸೆದರಾ ಎಂದು ಕೇಳಿದ. ಸಾಲಿನಲ್ಲಿ ಮುಂದಿನವನೇ ನಾಗರಾಜ. ಇಲ್ಲ ಎಂಬ ಒಂದು ಮಾತು ಸಾಕಿತ್ತು. ನಾನು "ಇಟ್ಸ್ ಕಾಂಪ್ಲಿಕೇಟೆಡ್" ಎಂದೆ.

ನಾಗರಾಜ ನನ್ನ ಕಾಲನ್ನೇ ಒಂದು ಕ್ಷಣ ನೋಡಿದ. ಆಮೇಲೆ ಸಾಲು ಬಿಟ್ಟು, ವೋಟೂ ಹಾಕದೆ ಕಾರಿನ ಕಡೆ ನಡೆದ. ಕಾಯಿ ಸಂಜೆಯವರೆಗೂ ಪೊಲೀಸಿನವನ ಕುರ್ಚಿಯ ಕೆಳಗೇ ಇತ್ತು. ನಾವು ಗೆದ್ದೆವು. ಕೆಲವು ತಿಂಗಳಾದ ಮೇಲೆ ಅವನು ಊರು ಬಿಟ್ಟು ಷಾರ್ಲೆಟ್‌ಗೆ ಹೋದನೆಂದು ಬೇರೆಯವರಿಂದ ತಿಳಿಯಿತು.

ಇವತ್ತು ಐದನೇ ಸಲ ಕಾಯಿ ಎತ್ತಿದವನು ಅದನ್ನು ಕೆಳಗಿಡದೆ ಗರಾಜಿಗೆ ಹೋಗಿ ನಾಗರಾಜನಿಗೆ ಫೋನ್ ಮಾಡಿದೆ. ಎತ್ತಲಾರ ಎಂದುಕೊಂಡಿದ್ದೆ. ಎತ್ತಿದ. ಮಾತಿಗೆ ಪೀಠಿಕೆ ಸಿಗಲಿಲ್ಲ.

"ನೀನು ಎಸೀಲಿಲ್ಲ ಕಣೋ. ಆಣೆ ಮಾಡಿದ್ದು. ನನಗೆ ಅವತ್ತೇ ಗೊತ್ತಿತ್ತು."

ಆ ಕಡೆ ನಲ್ಲಿ ಹರಿಯುವ ಸದ್ದು. ಅದು ನಿಂತಿತು.

"ನಿನಗೆ ಗೊತ್ತಿತ್ತು ಅಂತ ನನಗೂ ಗೊತ್ತಿತ್ತು" ಎಂದ. "ನಿನಗೆ ಗೊತ್ತಿಲ್ದೇ ಇದ್ದಿದ್ರೆ ನಾನೇ ಮನೆಗೆ ಬಂದು ಹೇಳ್ತಿದ್ದೆ."

ನನಗೆ ಅಳು ಬಂತು. ಅವನು ಸಮಾಧಾನ ಮಾಡಲಿಲ್ಲ, ಫೋನನ್ನೂ ಇಡಲಿಲ್ಲ. ಮಗಳು ಬಾಗಿಲಿಗೆ ಬಂದು, "ಅಪ್ಪಾ, ನೌ?" ಎಂದಳು. ಕಾಯಿ ಅವಳ ಕೈಗೆ ಕೊಟ್ಟೆ.