ಚಾವಡಿಯಲ್ಲಿ ನಾನು ಹೇಳಿದ ಮಾತು

ನಿಂಗಿ, ಕೆಂಚೇಗೌಡರು ನಿನ್ನನ್ನು ಬೇಡವೆನ್ನಲಿಲ್ಲ. ಬೇಡವೆಂದವನು ನಾನು. ನಿನ್ನ ಒಡಹುಟ್ಟಿದ ಅಣ್ಣ.

ಈ ಮಾತನ್ನು ನಾನು ಬಚ್ಚಿಟ್ಟುಕೊಂಡು ಹದಿನೈದು ವರ್ಷಕ್ಕೂ ಮೇಲಾಯಿತು. ಮಕ್ಕಳು ಸುಳ್ಳು ಹೇಳಿದರೆ ಬೆತ್ತ ಹುಡುಕುವ ಮೇಷ್ಟ್ರು ನಾನು — ಎಂಥ ಮೇಷ್ಟ್ರು, ಎಂಥ ಬೆತ್ತ! ನಾಚಿಕೆಯಾಗಬೇಕು ನನಗೆ. ಆಗುತ್ತದೆ ಕೂಡ. ಆದರೆ ನಾನೊಬ್ಬನೇ ಕೂತು ನಾಚಿಕೊಂಡರೆ ನಿನಗೇನು ಬಂತು?

ನೀನು ಇದನ್ನು ಓದಲಾರೆ. ಓದು ಕಲಿಸುತ್ತೇನೆಂದು ಹೇಳಿ, ಇವತ್ತು ನಾಳೆ ಎಂದು ತಳ್ಳುತ್ತ ಬಂದವನೂ ನಾನೇ. ಆದ್ದರಿಂದ ಬಾಯಲ್ಲೇ ಹೇಳಬೇಕು. ಹೇಳುವಾಗ ತೊದಲಬಾರದು, ಬಣ್ಣ ಕಟ್ಟಬಾರದು ಎಂದು ಮೊದಲು ನನಗೆ ನಾನೇ ಹೇಳಿಕೊಳ್ಳುತ್ತಿದ್ದೇನೆ. ನಿನಗೆ ಗೊತ್ತಿರುವುದೂ ಇದರಲ್ಲಿ ಬರುತ್ತದೆ. ಅದನ್ನು ಬಿಟ್ಟು ಬರೀ ತಪ್ಪನ್ನಷ್ಟೇ ಹೇಳಿ ಮುಗಿಸಿದರೆ, ಅದೂ ಒಂದು ಬಗೆಯ ತಪ್ಪಿಸಿಕೊಳ್ಳುವಿಕೆಯೇ.

ಮದುವೆಯಾಗಿ ಎರಡು ವರ್ಷ ತುಂಬುವುದರೊಳಗೆ ನಿನ್ನ ಗಂಡ ಜ್ವರದಲ್ಲಿ ಹೋದ. ನೀನು ಗಾವಡಗೆರೆ ಪಕ್ಕದ ನಮ್ಮ ಹಳ್ಳಿಗೆ, ಅವ್ವನ ಹತ್ತಿರಕ್ಕೆ ವಾಪಸ್ಸು ಬಂದೆ. ಇನ್ನೂ ಹುಡುಗಿ ನೀನು. ನಮ್ಮ ಜನರಲ್ಲಿ ಗಂಡ ಸತ್ತ ಹೆಣ್ಣು ಮತ್ತೊಂದು ಮನೆ ಸೇರುವುದು ಹೊಸದೇನಲ್ಲ. ಸೀರುಡಿಕೆ ಎನ್ನುತ್ತಿದ್ದೆವು. ಗಂಡಿನ ಕಡೆಯವರು ಹೊಸ ಸೀರೆ, ಎಲೆ ಅಡಿಕೆ ತಂದು ಚಾವಡಿಯಲ್ಲಿ ಕುಲದ ಯಜಮಾನರ ಮುಂದೆ ಇಡುತ್ತಾರೆ. ಹೆಣ್ಣು ಅಲ್ಲಿಗೆ ಬರುವಂತಿಲ್ಲ. ಅವಳ ಮಾತನ್ನು ಅಪ್ಪನೋ ಅಣ್ಣನೋ ಹೊತ್ತುಕೊಂಡು ಹೋಗಬೇಕು. ಒಪ್ಪಿಗೆ ಎಂದರೆ ಸೀರೆ ಹೆಣ್ಣಿನ ಮನೆಗೆ ಬರುತ್ತದೆ. ಹೊತ್ತು ಮುಳುಗಿದ ಮೇಲೆ ವಾದ್ಯವಿಲ್ಲದೆ, ಧಾರೆಯಿಲ್ಲದೆ, ಅವಳು ಆ ಸೀರೆ ಉಟ್ಟು ಹೊರಡುತ್ತಾಳೆ.

ನಮ್ಮ ಅವ್ವನೂ ಹಾಗೆಯೇ ಬಂದವಳು. ಬೇಗೂರಿನ ಕಡೆಯ ಕಾಡಂಚಿನ ಹಳ್ಳಿಯಲ್ಲಿ ಮೊದಲ ಗಂಡನನ್ನು ಕಳೆದುಕೊಂಡು, ನಮ್ಮ ಅಪ್ಪ ಕೊಟ್ಟ ಸೀರೆ ಉಟ್ಟು ಬಂದವಳು. ಸೀರುಡಿಕೆಯವಳೆಂದು ಮದುವೆಮನೆಗಳಲ್ಲಿ ಆರತಿ ಎತ್ತಲು ಅವಳನ್ನು ಯಾರೂ ಕರೆಯುತ್ತಿರಲಿಲ್ಲ. ಅವಳು ಒಲೆಯ ಮುಂದೆ ಕೂತು ಅನ್ನ ಬಸಿಯುತ್ತಿದ್ದಳು. ಅವ್ವನಿಗೆ ಅಡಿಗೆಯೆಂದರೆ ಪ್ರಾಣ ಎಂದು ನಾವಿಬ್ಬರೂ ತಿಳಿದುಕೊಂಡಿದ್ದೆವು — ನೆನಪಿದೆಯೇ?

ಮೈಸೂರಿಗೆ ಓದಲು ಹೋದ ಮೇಲೆ ನನಗೆ ಆ ಒಲೆಯ ಅರ್ಥ ತಿಳಿಯಿತು. ಅವ್ವನಿಗಾದ ಅವಮಾನಕ್ಕೆ ನನಗೆ ಸಿಟ್ಟು ಬರಬೇಕಾಗಿತ್ತು. ಬರಲಿಲ್ಲ. ಅವ್ವನ ಬಗ್ಗೆಯೇ ನಾಚಿಕೆ ಬಂತು. ನಮ್ಮ ಕುಲ ಮೇಲೆ ಬರಬೇಕು, ಮಕ್ಕಳು ಓದಬೇಕು, ಕಚೇರಿಗಳಲ್ಲಿ ಕೆಲಸ ಹಿಡಿಯಬೇಕು, ಅದಕ್ಕೆ ಮೊದಲು ಸೀರುಡಿಕೆಯಂಥ ನಡವಳಿಕೆ ಬಿಡಬೇಕು — ಹೀಗೆಂದು ಭಾಷಣ ಮಾಡುವವರ ಮುಂದೆ, ಮೊದಲ ಸಾಲಿನಲ್ಲಿ ಕೂತು ಚಪ್ಪಾಳೆ ಹೊಡೆಯುತ್ತಿದ್ದೆ. ಸೀರುಡಿಕೆಯಲ್ಲಿ ಹುಟ್ಟಿದ ಮಗ!

ಆಗಲೇ ನಿನ್ನ ಅತ್ತಿಗೆಯ ಸಂಬಂಧ ಬಂತು. ಅವಳ ತಂದೆ ಹುಣಸೂರಿನ ಕಚೇರಿಯಲ್ಲಿದ್ದವರು, ನಮ್ಮವರೇ, ಆದರೆ ಪೇಟೆಯ ನಡೆನುಡಿಯವರು. ಕಾಫಿ ಕುಡಿಯುತ್ತ, ತೀರ ಸಹಜವಾಗಿ ಕೇಳಿದರು — ‘ನಿಮ್ಮಲ್ಲಿ ಆ ಸೀರುಡಿಕೆ ಗೀರುಡಿಕೆ ಏನೂ ಇಲ್ಲ ತಾನೆ?’ ಇಲ್ಲ ಎಂದೆ. ಲೋಟ ಕೆಳಗಿಡುವಷ್ಟು ಹೊತ್ತೂ ಯೋಚಿಸಲಿಲ್ಲ. ಅವ್ವನನ್ನು ನಾನು ಮೊದಲ ಸಲ ಇಲ್ಲವೆನಿಸಿದ್ದು ಅಲ್ಲಿ.

ಅದೇ ತಿಂಗಳು ಕೆಂಚೇಗೌಡರ ಕಡೆಯಿಂದ ಮಾತು ಬಂತು. ನಾಟಿ ಕಾಲದಲ್ಲಿ ಕೆಲಸಕ್ಕೆ ಕೆಲಸ ತೀರಿಸುವ ಮುಯ್ಯಾಳಾಗಿ ನಮ್ಮ ಗದ್ದೆಗೆ ಬರುತ್ತಿದ್ದರಲ್ಲ, ಹೆಂಡತಿ ತೀರಿಕೊಂಡು ಒಬ್ಬರೇ ಇದ್ದವರು, ಮೆತ್ತಗಿನ ಮನುಷ್ಯ. ಅವರ ಹೆಸರೆತ್ತಿದರೆ ನೀನು ಸುಮ್ಮಸುಮ್ಮನೆ ಸೊಪ್ಪು ಸೋಸಲು ಕೂರುತ್ತಿದ್ದೆ. ಅಪ್ಪ ಆಗ ಬದುಕಿರಲಿಲ್ಲ. ನಿನ್ನ ಮಾತು ಹೊರಬೇಕಾದವನು ನಾನೇ.

‘ನಿಂಗಿ ಊ ಅಂದವ್ಳೆ ಕಣಪ್ಪ,’ ಅಂದಳು ಅವ್ವ. ‘ನೀನೋಗಿ ಒಪ್ಪಿಗೆ ಅನ್ನು, ಸೀರೆ ಇಸ್ಕೊಂಡು ಬಾ.’

ನನಗಿಷ್ಟವಿಲ್ಲ, ಕಾಲ ಬದಲಾಗಿದೆ, ಓದಿದವರ ಮನೆ ಇದು, ಎಂದೆಲ್ಲ ಗೊಣಗಿದೆ. ಅವ್ವ ನನ್ನ ಮುಖ ನೋಡಿದಳು. ‘ನಾನೂ ಅಂಗೇ ಬಂದೋಳಲ್ವಾ? ನಿಮ್ಮಪ್ಪ ನನ್ನ ಒಂದಿನಾದ್ರೂ ಕಡ್ಮೆ ನೋಡವ್ರಾ?’ ನಾನು ಅಂಗಿ ಹಾಕಿಕೊಂಡೆ. ನೀನು ಬಾಗಿಲ ಹಿಂದೆ ನಿಂತಿದ್ದವಳು ನಕ್ಕೆ. ‘ಅಣ್ಣಯ್ಯ, ದಾರೀಲಿ ಯಾರ ಜೊತೆಗಾದ್ರೂ ಮಾತಿಗೆ ನಿಂತ್ಕಂಬ್ಯಾಡ, ಬಿರ್ರನೆ ಬಂದ್ಬುಡು!’

ಆ ನಗುವನ್ನು ನೀನು ಆಮೇಲೆ ನಕ್ಕಿದ್ದನ್ನು ನಾನು ಕಾಣೆ.

ಗಾವಡಗೆರೆಯ ಚಾವಡಿಯಲ್ಲಿ ಯಜಮಾನರು, ಕೆಂಚೇಗೌಡರು, ಅವರ ಚಿಕ್ಕಪ್ಪ ಕೂತಿದ್ದರು. ತಟ್ಟೆಯಲ್ಲಿ ಎಲೆ ಅಡಿಕೆ, ಮೇಲೆ ಸೀರೆ. ಓದಿದವನೆಂದು ನನಗೆ ಚಾಪೆ ಹಾಸಿ ಕೂರಿಸಿದರು.

‘ಹೇಳಿ ಮೇಷ್ಟ್ರೆ,’ ಅಂದರು ಯಜಮಾನರು. ‘ನಿಮ್ಮ ತಂಗಿ ಮನಸು ಎಂಗದೆ?’

‘ನನ್ನ ತಂಗಿಗೆ ಮನಸ್ಸಿಲ್ಲ.’

ಇಷ್ಟೇ ನಾನು ಅಂದದ್ದು. ಮನೆಯಿಂದ ಹೊರಟಾಗ ಹೀಗನ್ನಬೇಕೆಂದು ನಿಶ್ಚಯ ಮಾಡಿದ್ದೆನೇ? — ಗೊತ್ತಿಲ್ಲ. ಇಲ್ಲ, ಗೊತ್ತಿದೆ. ಮಾಡಿದ್ದೆ. ದಾರಿಯುದ್ದಕ್ಕೂ ಬಾಯಿಪಾಠ ಮಾಡಿಕೊಂಡೇ ಹೋಗಿದ್ದೆ. ಯಾರೂ ಮರುಪ್ರಶ್ನೆ ಕೇಳಲಿಲ್ಲ. ಒಡಹುಟ್ಟಿದವನು ಸುಳ್ಳು ಹೊತ್ತು ತರುತ್ತಾನೆಂದು ಯಾರಾದರೂ ಯಾಕೆ ನೆನೆಸುತ್ತಾರೆ? ಕೆಂಚೇಗೌಡರು ಸೀರೆಯನ್ನು ಕೈಗೆತ್ತಿಕೊಂಡರು. ‘ಆಗ್ಲಿ ಬುಡಿ,’ ಅಂದರು. ‘ಅವ್ರಿಗೆ ಇಷ್ಟ ಇಲ್ದಿದ್ ಮ್ಯಾಕೆ ಬಲವಂತ ಯಾಕೆ.’

ನಾನು ಮನೆಗೆ ಬಂದಾಗ ಅಂಗಳ ಸಾರಿಸಿತ್ತು. ನೀನು ಮುಖ ತೊಳೆದು, ತಲೆ ಬಾಚಿ, ಹೊಸ್ತಿಲಲ್ಲಿ ನಿಂತಿದ್ದೆ. ನನ್ನ ಬರಿಗೈ ನೋಡಿದೆ. ಅವರು ಬರಲಿಲ್ಲ, ಬೇಡವಂತೆ — ಎಂದೆ.

‘ಅವ್ರೂ ಬ್ಯಾಡ ಅಂದ್ರಾ?’

ಅವ್ರೂ — ಎಂದೆಯಲ್ಲ, ನಿಂಗಿ. ಸತ್ತ ಗಂಡನೂ ನಿನ್ನನ್ನು ಬೇಡವೆಂದೇ ಹೋದನೆಂದು ನೀನು ಮನಸ್ಸಿನಲ್ಲಿ ಇಟ್ಟುಕೊಂಡಿದ್ದೆ ಎನ್ನುವುದು ನನಗೆ ಆಗಲೇ ಗೊತ್ತಾದದ್ದು. ಆಗಲಾದರೂ ಬಾಯಿ ಬಿಡಬಹುದಿತ್ತು. ಗಾವಡಗೆರೆ ಎಷ್ಟು ದೂರ? ಓಡಿಹೋಗಿ ಸೀರೆ ತರಬಹುದಿತ್ತು. ನಾನು ಕಾಲು ತೊಳೆದು ಊಟಕ್ಕೆ ಕೂತೆ. ನೀನೇ ಮುದ್ದೆ ಬಡಿಸಿದೆ.

ಊರವರ ಬಾಯಿಂದ ನಿಜ ನಿನ್ನ ಕಿವಿಗೆ ಬೀಳುವ ಮೊದಲೇ, ಹೊಸದಾಗಿ ಕಟ್ಟುತ್ತಿದ್ದ ಈ ಕೃಷ್ಣರಾಜನಗರಕ್ಕೆ ನಿಮ್ಮಿಬ್ಬರನ್ನೂ ಕರೆತಂದೆ. ತಾಯಿಯನ್ನೂ ತಂಗಿಯನ್ನೂ ಎಷ್ಟು ಚೆನ್ನಾಗಿ ನೋಡಿಕೊಳ್ಳುತ್ತಾನೆ ಎಂದು ಬೀದಿಯವರು ಹೊಗಳಿದರು. ನಮ್ಮ ಹಳ್ಳಿಯಲ್ಲಿ ಗಂಡ ಸತ್ತವರು ಬಣ್ಣದ ಸೀರೆ ಬಿಟ್ಟದ್ದೇ ಇಲ್ಲ. ನಿನಗೆ ಬಿಳಿ ಸೀರೆ ತಂದವನು ನಾನು. ಮೇಲಿನವರ ಮನೆಗಳಲ್ಲಿ ಹಾಗೇ ಉಡುತ್ತಾರೆ ಎಂದೆ. ನೀನು ಉಟ್ಟೆ. ನನ್ನ ಮಕ್ಕಳನ್ನು ಎತ್ತಿ ಆಡಿಸಿದೆ, ನನ್ನ ಮನೆಯ ರಾಗಿ ಬೀಸಿದೆ. ಮಾವನವರು ನಮ್ಮ ಮನೆಯ ಶಿಸ್ತು ಕಂಡು ಮೆಚ್ಚಿದರು. ಆಹಾ, ಎಂಥ ಶಿಸ್ತು!

ಅವ್ವನಿಗೆ ಮಾತ್ರ ತಿಳಿಯಿತು. ಸಂತೆಗೆ ಬಂದಿದ್ದ ನಮ್ಮೂರಿನ ಹೆಂಗಸೊಬ್ಬಳು ಹೇಳಿದಳಂತೆ. ಅವ್ವ ನನ್ನನ್ನು ಹಿತ್ತಲಲ್ಲಿ ನಿಲ್ಲಿಸಿಕೊಂಡು ಕೇಳಿದಳು. ನಾನು ಒಪ್ಪಿಕೊಂಡೆ. ಕೆಂಚೇಗೌಡರಿಗೆ ಆಗಲೇ ಬೇರೆ ಮದುವೆಯಾಗಿದೆ, ಈಗ ಹೇಳಿ ನಿಂಗಿಯ ಹೊಟ್ಟೆ ಉರಿಸಬೇಡ ಎಂದು ಅವಳ ಬಾಯಿಗೂ ಬೀಗ ಹಾಕಿದೆ.

‘ಅಂಗಾರೆ ನನ್ನೂ ಬ್ಯಾಡ ಅಂದಂಗಾಯ್ತಲ್ಲ ಮಗ,’ ಅಂದಳು ಅವ್ವ.

ಅದಾದ ಮೇಲೆ ಅವಳು ಬದುಕಿರುವವರೆಗೂ ಈ ವಿಷಯ ಎತ್ತಲಿಲ್ಲ. ಸಾಯುವ ದಿನ ನಿನ್ನ ಕೈ ಹಿಡಿದುಕೊಂಡೇ ಇದ್ದಳು. ನನ್ನ ಕೈ ಹಿಡಿಯಲಿಲ್ಲ. ನೀನದನ್ನು ಗಮನಿಸಿದೆಯೋ ಇಲ್ಲವೋ, ನಾನು ಗಮನಿಸಿದೆ.

ಇವತ್ತು ಬೆಳಿಗ್ಗೆ ಬೆಲ್ಲದ ಅಂಗಡಿಯ ಮುಂದೆ ಕೆಂಚೇಗೌಡರು ಸಿಕ್ಕಿದರು. ತಲೆ ನರೆತಿದೆ, ಜೊತೆಯಲ್ಲಿ ಎದೆಮಟ್ಟ ಬೆಳೆದ ಮಗಳಿದ್ದಳು. ನಾನು ಮುಖ ತಿರುಗಿಸುವುದರೊಳಗೆ ಅವರೇ ಕೈ ಮುಗಿದರು. ‘ನಿಮ್ಮ ತಂಗ್ಯವ್ರು ಚೆನ್ನಾಗವ್ರಾ ಮೇಷ್ಟ್ರೆ?’ ಎಂದು ಕೇಳಿ, ‘ನನ್ನಲ್ಲಿ ಏನು ಕುಂದು ಕಂಡ್ರು ಅಂತ ಒಂದ್ಸಲ ಕೇಳ್ಬೇಕು ಅನ್ಕೊಂಡಿದ್ದೆ. ಬುಡಿ, ಈಗ್ಯಾಕೆ’ ಅಂದರು.

ನಿನಗೆ ಮಾತ್ರ ಅನ್ಯಾಯ ಮಾಡಿದೆನೆಂದು ಇಷ್ಟು ಕಾಲ ತಿಳಿದಿದ್ದೆ. ಆ ಮನುಷ್ಯನೂ ನಿನ್ನ ಹಾಗೆಯೇ ತನ್ನಲ್ಲಿ ಕುಂದು ಹುಡುಕುತ್ತ ಬಂದಿದ್ದಾರೆ. ಬೀದಿಯಲ್ಲೇ ಅವರಿಗೆ ನಿಜ ಹೇಳಿದೆ. ಅವರು ಬೈಯಲಿಲ್ಲ. ಮಗಳ ಕೈ ಹಿಡಿದುಕೊಂಡು, ತಿರುಗಿ ನೋಡದೆ ಹೋದರು.

ಈಗ ನಿನ್ನ ಸರದಿ. ಕುಲ ಮೇಲೆ ಬರಲೆಂದು ಮಾಡಿದೆ ಎಂದು ನಿನ್ನ ಮುಂದೆ ಹೇಳುವುದಿಲ್ಲ. ಚಿಕ್ಕ ವಯಸ್ಸು ಎಂದೂ ಹೇಳುವುದಿಲ್ಲ. ಕ್ಷಮಿಸು ಎಂದು ಕೇಳಿದರೆ ನೀನು ಆಗಲಿ ಬುಡು ಎಂದುಬಿಡುತ್ತೀಯೆ, ಅದು ನಿನ್ನ ಗುಣ. ಅದಕ್ಕೇ ಕೇಳುವುದಿಲ್ಲ. ನಾಳೆ ಗಾವಡಗೆರೆಗೆ ಹೋಗಿ ಅದೇ ಚಾವಡಿಯಲ್ಲಿ, ನನ್ನ ತಂಗಿ ಒಪ್ಪಿದ್ದಳು, ನನ್ನ ತಾಯಿ ಸೀರುಡಿಕೆಯವಳು ಎಂದು ಹೇಳಿ ಬರುತ್ತೇನೆ. ಅದರಿಂದ ನಿನಗೆ ಏನೂ ಮರಳಿ ಸಿಗುವುದಿಲ್ಲ.

ನೀನು ಒಳಗೆ ಹಿಟ್ಟು ಜರಡಿ ಹಿಡಿಯುತ್ತಿದ್ದೀಯೆ. ನಿನ್ನ ಬಿಳಿ ಸೆರಗು ಇಲ್ಲಿಂದ ಕಾಣುತ್ತಿದೆ. ಬಂದು ನಿನ್ನ ಮುಂದೆ ನೆಲದ ಮೇಲೆ ಕೂತು ಹೇಳುತ್ತೇನೆ. ಮೊದಲು ಏನು ಹೇಳಬೇಕೆಂದು ಈಗ ಗೊತ್ತಾಗಿದೆ. ಸೀರೆ ಬಂದಿತ್ತು, ತಂಗಿ. ಹಸಿರು ಸೀರೆ, ಕೆಂಪು ಅಂಚು.