ಪರೋಟ ಆರುವವರೆಗೆ

ಪರೋಟ ಪ್ಯಾಕೆಟ್ಟಿನ ಹಿಂಬದಿಯಲ್ಲಿ ಮಲಯಾಳಂ ಮತ್ತು ಇಂಗ್ಲಿಷಿನಲ್ಲಿ ಅಚ್ಚಾಗಿತ್ತು. ಮಲಯಾಳಂ ನನಗೆ ಓದಲು ಬರುವುದಿಲ್ಲ. ಇಂಗ್ಲಿಷ್ ಬರುತ್ತದೆ, ಆದರೆ ಅರ್ಥವಾಗಲಿಲ್ಲ. ಫ್ರೀಜರಿನಿಂದ ತೆಗೆದು ಹತ್ತು ನಿಮಿಷ ರೂಮ್ ಟೆಂಪರೇಚರಿನಲ್ಲಿ ಇಡಿ, ಆಮೇಲೆ ಒಂದೊಂದಾಗಿ ಬಿಡಿಸಿ ಕಾದ ಕಾವಲಿಯ ಮೇಲೆ ಹಾಕಿ ಎಂದಿತ್ತು. ಯಾರ ಮನೆಯ ರೂಮು ಎಂದು ಮಾತ್ರ ಬರೆದಿರಲಿಲ್ಲ.

ನಮ್ಮ ಮನೆ ಇರುವುದು ನೀಲಗಿರಿಯ ಎಮರಾಲ್ಡ್ ಎಂಬ ಊರಿನಲ್ಲಿ, ಅಣೆಕಟ್ಟಿನ ನೀರು ಅಡುಗೆಮನೆಯ ಕಿಟಕಿಗೆ ಕಾಣುವಷ್ಟು ಹತ್ತಿರ. ಅದು ಜನವರಿಯ ಬೆಳಿಗ್ಗೆ. ಬಾಟಲಿಯಲ್ಲಿದ್ದ ಕೊಬ್ಬರಿ ಎಣ್ಣೆ ಡಿಸೆಂಬರಿನಲ್ಲಿ ಗಟ್ಟಿಯಾದದ್ದು ಇನ್ನೂ ಕರಗಿರಲಿಲ್ಲ. ನಾನು ಪ್ಯಾಕೆಟ್ಟನ್ನು ಕಟ್ಟೆಯ ಮೇಲಿಟ್ಟು ಹತ್ತು ನಿಮಿಷ ಕಾದೆ. ಇಪ್ಪತ್ತು ನಿಮಿಷ ಕಾದೆ. ಮುಕ್ಕಾಲು ಗಂಟೆಯಾದರೂ ಐದು ಪರೋಟಗಳು ಒಂದಕ್ಕೊಂದು ಅಂಟಿಕೊಂಡೇ ಇದ್ದವು. ಬೆರಳಿನಿಂದ ತಟ್ಟಿದರೆ ಹಲಗೆ ತಟ್ಟಿದ ಹಾಗೆ ಸದ್ದು ಬಂತು.

ಇಲ್ಲಿಯ ಪವರ್‌ಹೌಸಿನಲ್ಲಿ ಮೂರು ದಶಕ ಕೆಲಸ ಮಾಡಿ ನಿವೃತ್ತನಾದವನು ನಾನು. ಗಂಟೆಗೊಮ್ಮೆ ಮೆಷಿನ್ನುಗಳ ಬಿಸಿ ಎಷ್ಟಿದೆ ಎಂದು ನೋಡಿ ಬರೆಯುವುದೇ ನನ್ನ ಕೆಲಸವಾಗಿತ್ತು. ಮೆಷಿನ್ನಿಗೆ ಜ್ವರ ಬಂದರೆ ಮುಟ್ಟದೆ ಹೇಳುತ್ತಿದ್ದೆ. ಅಂಥವನಿಗೆ ತನ್ನ ಅಡುಗೆಮನೆ ಎಷ್ಟು ತಣ್ಣಗಿದೆ ಎಂಬುದು ಅರವತ್ತೆರಡನೇ ವಯಸ್ಸಿನಲ್ಲಿ ಗೊತ್ತಾಯಿತು.

ಅಡುಗೆಮನೆಗೆ ನಾನು ನುಗ್ಗಿದ್ದಕ್ಕೆ ಕಾರಣವಿತ್ತು. ನನ್ನ ಹೆಂಡತಿ ಹಿತ್ತಲಿನ ಪಾಚಿಗಟ್ಟಿದ ಮೆಟ್ಟಿಲಿನಲ್ಲಿ ಜಾರಿ ಬಿದ್ದು ಬಲಗೈ ಮಣಿಕಟ್ಟು ಮುರಿದುಕೊಂಡಿದ್ದಳು. ಊಟಿಯಲ್ಲಿ ಮೊಣಕೈಯವರೆಗೆ ಪ್ಲಾಸ್ಟರ್ ಹಾಕಿ, ಆರು ವಾರ ಕೈ ಅಲ್ಲಾಡಿಸಕೂಡದು, ಮಾತ್ರೆಗಳನ್ನು ಖಾಲಿ ಹೊಟ್ಟೆಯಲ್ಲಿ ನುಂಗಕೂಡದು ಎಂದು ಕಳಿಸಿದ್ದರು. ಮಧ್ಯಾಹ್ನಕ್ಕೆ ಪಕ್ಕದ ಹಟ್ಟಿಯ ಅವಳ ಗೆಳತಿ, ಬಡಗರ ಹೆಂಗಸು, ಅನ್ನವನ್ನೂ ಅವರು ಉದಕ ಎನ್ನುವ ಅವರೆಕಾಳಿನ ಸಾರನ್ನೂ ಕಳಿಸುತ್ತಿದ್ದಳು. ಅದರಲ್ಲೇ ರಾತ್ರಿಯದೂ ಆಗುತ್ತಿತ್ತು. ಉಳಿದದ್ದು ಬೆಳಗಿನ ತಿಂಡಿ. ಅದು ನನ್ನ ಪಾಲಿಗೆ ಬಂತು.

ಪರೋಟ ತಂದವಳು ನನ್ನ ಹೆಂಡತಿಯ ತಂಗಿ. ಗೂಡಲೂರಿನಿಂದ ಅಕ್ಕನನ್ನು ನೋಡಲು ಬಂದವಳು ಥರ್ಮೋಕೋಲ್ ಡಬ್ಬದಲ್ಲಿ ಐಸು ತುಂಬಿ ಹದಿನೈದು ಪ್ಯಾಕೆಟ್ ತಂದಿದ್ದಳು. ದಾರಿಯಲ್ಲಿ ಐಸು ಕರಗೀತು ಎಂದು ಹೆದರಿದ್ದಳಂತೆ. ಬಸ್ಸು ಘಾಟಿ ಹತ್ತಿದ ಮೇಲೆ ಐಸಿಗಿಂತ ತಾನೇ ಹೆಚ್ಚು ಗಟ್ಟಿಯಾದೆ ಎಂದು ನಕ್ಕಳು. ಬಿಸಿ ಮಾಡಿದರೆ ಆಯಿತು, ಮಗುವೂ ಮಾಡುತ್ತದೆ ಎಂದು ನನಗೆ ಧೈರ್ಯ ಹೇಳಿ ಮಾರನೆಯ ದಿನ ಹೊರಟುಹೋದಳು.

ಆ ಮಗು ನನ್ನ ಕೈಗೆ ಸಿಕ್ಕಿದ್ದರೆ ನಾಲ್ಕು ಮಾತು ಕೇಳುತ್ತಿದ್ದೆ. ಮೊದಲ ದಿನ ಕಲ್ಲಿನಂತಿದ್ದದ್ದನ್ನು ಚಾಕು ತೂರಿಸಿ ಬಿಡಿಸಲು ಹೋಗಿ ಮೂರು ತುಂಡಾದವು. ಎರಡನೆಯ ದಿನ ಪ್ಯಾಕೆಟ್ಟನ್ನು ಕಂಬಳಿಯಲ್ಲಿ ಸುತ್ತಿಟ್ಟೆ. ಕಂಬಳಿ ಹೊರಗಿನ ಚಳಿಯನ್ನು ಒಳಗೆ ಬಿಡದಿರುವ ಹಾಗೆಯೇ ಒಳಗಿನದನ್ನು ಹೊರಗೆ ಬಿಡುವುದಿಲ್ಲ ಎಂಬ ಸರಳ ಸಂಗತಿ ಒಂದು ಗಂಟೆಯ ನಂತರ ಹೊಳೆಯಿತು. ಮನೆಯಲ್ಲಿ ಸದಾ ಬೆಚ್ಚಗಿರುವ ಜಾಗ ಯಾವುದು ಎಂದು ಒಂದೊಂದನ್ನೇ ಮುಟ್ಟಿ ನೋಡುತ್ತಾ ಹೋದೆ. ಸಿಕ್ಕಿದ್ದು ಟೀವಿಯ ಸೆಟ್‌ಟಾಪ್ ಬಾಕ್ಸು. ಮೂರನೆಯ ದಿನದಿಂದ ಪರೋಟ ಅದರ ಮೇಲೆ ಕೂತು ಬೆಳಗಿನ ಸುದ್ದಿ ಕೇಳತೊಡಗಿತು. ಹೆಂಡತಿ ಕುರ್ಚಿಯಿಂದ ನೋಡುತ್ತಿದ್ದಳು. ಏನೂ ಹೇಳಬೇಡ, ಎಲ್ಲ ನಾನೇ ನೋಡಿಕೊಳ್ಳುತ್ತೇನೆ ಎಂದು ನಾನೇ ಅವಳ ಬಾಯಿ ಕಟ್ಟಿದ್ದೆ.

ಅಂತೂ ಪರೋಟ ಬಂತು. ಕಾವಲಿಯ ಮೇಲೆ ಉಬ್ಬಿ, ಅಲ್ಲಲ್ಲಿ ಕಂದು ಚುಕ್ಕೆ ಹಾಕಿಕೊಂಡು, ಎರಡು ಅಂಗೈ ನಡುವೆ ಹಿಡಿದು ಚಪ್ಪಾಳೆ ತಟ್ಟಿದರೆ ಪದರ ಪದರವಾಗಿ ಬಿಚ್ಚಿಕೊಂಡಿತು. ಅಂಗೈ ಸುಟ್ಟಿತು, ಲೆಕ್ಕಿಸಲಿಲ್ಲ. ಹೊಗೆಯಾಡುತ್ತಿದ್ದ ಮೊದಲನೆಯದನ್ನೇ ತಟ್ಟೆಗೆ ಹಾಕಿ, ಜೊತೆಗೆ ಉಪ್ಪಿನಕಾಯಿ ಇಟ್ಟು ಅವಳ ಮುಂದೆ ಹಿಡಿದೆ. ಚೆನ್ನಾಗಿ ಬಂದಿದೆ ಎಂದಳು. ತಟ್ಟೆಯನ್ನು ಪಕ್ಕದ ಸ್ಟೂಲಿನ ಮೇಲಿಟ್ಟಳು. ಬೀನ್ಸ್ ಬಳ್ಳಿಗೆ ಕೋಲು ಕೊಟ್ಟಿರಾ ಎಂದು ಕೇಳಿದಳು. ಕಾಡೆಮ್ಮೆ ಬೇಲಿ ಮುರಿದಿತ್ತಲ್ಲ, ಕಟ್ಟಿಸಿದಿರಾ ಎಂದಳು. ನಮ್ಮೂರ ಚಳಿಯಲ್ಲಿ ತಟ್ಟೆಗೆ ಬಿದ್ದದ್ದು ಆರಲು ಎರಡು ನಿಮಿಷ ಸಾಕು. ಪರೋಟ ಚರ್ಮದ ಹಾಗೆ ಬಿಗಿದುಕೊಂಡ ಮೇಲೆ ಅವಳು ಎಡಗೈಯಲ್ಲಿ ಅದನ್ನು ಎಳೆದು ಎಳೆದು, ಟೀಯಲ್ಲಿ ಅದ್ದಿ, ಪೂರ್ತಿ ತಿಂದಳು.

ಮಾರನೆಯ ದಿನವೂ ಹೀಗೇ ಆಯಿತು. ಅದರ ಮಾರನೆಯ ದಿನವೂ. ನನಗೆ ತಲೆಬುಡ ಅರ್ಥವಾಗಲಿಲ್ಲ. ರುಚಿಯಿಲ್ಲ ಎನ್ನೋಣವೆಂದರೆ ಒಂದು ಚೂರೂ ಬಿಡುವುದಿಲ್ಲ. ರುಚಿಯಿದೆ ಎನ್ನೋಣವೆಂದರೆ ಬಿಸಿ ಇರುವಷ್ಟು ಹೊತ್ತು ಮುಟ್ಟುವುದಿಲ್ಲ. ಎಡಗೈಯಲ್ಲಿ ತಿನ್ನಲು ನಾಚಿಕೆಯಿರಬೇಕೆಂದು ನಾನೇ ಹರಿದು ಚೂರು ಮಾಡಿ ಚಮಚ ಕೊಟ್ಟೆ. ಚೂರುಗಳು ಇನ್ನೂ ಬೇಗ ಆರಿದವು, ಆಮೇಲೆ ತಿಂದಳು. ಮಾತ್ರೆಯಿಂದ ಬಾಯಿ ಕೆಟ್ಟಿರಬೇಕೆಂದು ಸಕ್ಕರೆ ಇಟ್ಟೆ. ಎಣ್ಣೆ ಹೆಚ್ಚಾಯಿತೇನೋ ಎಂದು ಕಡಿಮೆ ಮಾಡಿದೆ, ಕಡಿಮೆಯಾಯಿತೇನೋ ಎಂದು ತುಪ್ಪ ಸವರಿದೆ. ಕೊನೆಗೆ, ಯಾವುದೋ ಹಳೆಯ ಕೋಪ ಈಗ ತೀರಿಸುತ್ತಿದ್ದಾಳೆಯೇ ಎಂದು ಅನುಮಾನ ಬಂತು. ನಾನು ಎಂದಾದರೂ ಅವಳ ಅಡುಗೆಗೆ ಹೆಸರಿಟ್ಟಿದ್ದೆನೇ ಎಂದು ನೆನಪಿಸಿಕೊಂಡೆ. ಇಟ್ಟಿದ್ದೆ, ಒಂದೆರಡು ಸಲವಲ್ಲ.

ಹೇಳಲು ಸಂಕೋಚವಾಗುತ್ತದೆ, ಆದರೂ ನಿಜ: ಅವಳು ನಾನು ಮಾಡಿದ್ದನ್ನು ಬಿಸಿಬಿಸಿಯಾಗಿ, ಆಸೆಯಿಂದ ತಿನ್ನಬೇಕು ಎನ್ನುವುದೊಂದೇ ಆಗ ನನಗೆ ಬೇಕಾಗಿದ್ದದ್ದು. ಬೆಳಿಗ್ಗೆ ಎದ್ದ ಕೂಡಲೇ ಅದೇ ಯೋಚನೆ. ನಿವೃತ್ತನಾದ ದಿನ ಹಾರ ಹಾಕಿಸಿಕೊಂಡಾಗಲೂ ಯಾರ ಮೆಚ್ಚುಗೆಗೂ ಇಷ್ಟು ಬಾಯಿ ಬಿಟ್ಟಿರಲಿಲ್ಲ.

ಎರಡನೆಯ ವಾರ ಒಂದು ಬೆಳಿಗ್ಗೆ ಪಿತ್ತ ನೆತ್ತಿಗೇರಿತು. ಅವಳು ತಟ್ಟೆಯನ್ನು ಸ್ಟೂಲಿನ ಮೇಲೆ ಇಡುವುದಕ್ಕೂ ನಾನು ಬಾಯಿ ಬಿಡುವುದಕ್ಕೂ ಸರಿಹೋಯಿತು.

"ಬಿಸಿ ಇರುವಾಗ ತಿಂದರೆ ನಿನ್ನ ಗಂಟೇನು ಹೋಗುತ್ತೆ?"

ಅವಳು ನನ್ನ ಮುಖ ನೋಡಿದಳು. ತಟ್ಟೆ ಎತ್ತಿಕೊಂಡು, ಹಬೆಯಾಡುತ್ತಿದ್ದ ದೊಡ್ಡ ಚೂರೊಂದನ್ನು ಬಾಯಿಗೆ ಹಾಕಿಕೊಂಡಳು. ಮರುಕ್ಷಣ ಕಣ್ಣಲ್ಲಿ ನೀರು ತುಂಬಿತು. ಚಿಕ್ಕ ಮಕ್ಕಳ ಹಾಗೆ ಅದನ್ನು ಅಂಗೈಗೆ ಉಗಿದು, ನಾಲಿಗೆಯನ್ನು ಹೊರಗೆ ಚಾಚಿ ಗಾಳಿ ಹಾಕಿಕೊಂಡಳು. ನಾನು ಓಡಿ ನೀರು ತಂದೆ. ಕುಡಿದು ಸುಧಾರಿಸಿಕೊಂಡು, ಕೋಪವಿಲ್ಲದೆ, ನಿಜವಾಗಿಯೂ ತಿಳಿದುಕೊಳ್ಳುವವಳ ಹಾಗೆ ಕೇಳಿದಳು:

"ಇಷ್ಟು ಬಿಸೀದ ನೀವು ಹೆಂಗ್ರೀ ತಿಂತೀರ?"

ನಾನು ಕಕ್ಕಾಬಿಕ್ಕಿಯಾದೆ. ಮದುವೆಯಾದಾಗಿನಿಂದ ಕಾವಲಿಯಿಂದ ನೇರ ನನ್ನ ತಟ್ಟೆಗೆ ಚಪಾತಿ ಹಾಕಿದವಳು ಇವಳೇ. ಮೊದಲ ಶಿಫ್ಟಿಗೆ ಹೊರಡುವ ಮುಂಚೆ ಒಂದು ಮುಗಿಯುವಷ್ಟರಲ್ಲಿ ಇನ್ನೊಂದು ಬೀಳುತ್ತಿತ್ತು, ಉಬ್ಬಿದ್ದು ಇಳಿಯುವ ಮೊದಲೇ ನಾನು ಚುಚ್ಚುತ್ತಿದ್ದೆ. ಅಂಥವಳು ಬಿಸಿ ತಿನ್ನುವುದು ಹೇಗೆ ಎಂದು ನನ್ನನ್ನು ಕೇಳುತ್ತಿದ್ದಾಳೆ.

ಮಧ್ಯಾಹ್ನ ಅವಳು ಮಲಗಿದ್ದಾಗ ಅಂಗಳಕ್ಕೆ ಬಂದು ಗೂಡಲೂರಿಗೆ ಫೋನು ಮಾಡಿದೆ. ನಿನ್ನ ಪರೋಟದಲ್ಲೇ ಏನೋ ಐಬಿದೆ, ನಿಮ್ಮಕ್ಕ ಬಿಸಿಯಾಗಿ ಮುಟ್ಟುವುದೇ ಇಲ್ಲ ಎಂದು ದೂರು ಕೊಟ್ಟೆ. ಅವಳು ಮೊದಲು ನಕ್ಕಳು.

"ಅಕ್ಕ ಯಾವತ್ತು ಬಿಸೀದು ತಿಂದವ್ಳೆ ಭಾವ?" ಎಂದಳು. "ನಮ್ಮವ್ವನೂ ತಿನ್ಲಿಲ್ಲ. ಎಲ್ಲಾರ್ಗೂ ಹಾಕಿ ಮುಗ್ಸೋ ಹೊತ್ಗೆ ನಮ್ದು ಆರೋಗಿರ್ತದೆ. ನಾನು ಅದ್ಕೇ ಈ ಪ್ಯಾಕೆಟ್ ತರ್ಸೋದು. ಎಲ್ಲಾರೂ ಹೋದ್ಮೇಲೆ ಒಂದೇ ಒಂದು ಬಿಸಿ ಮಾಡ್ಕೊಂಡು ನಾನೊಬ್ಳೇ ತಿಂತೀನಿ."

ಫೋನು ಇಟ್ಟ ಮೇಲೆ ಅಲ್ಲೇ ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂತೆ. ನನ್ನ ಹೆಂಡತಿ ಬೆಳಗಿನ ತಿಂಡಿ ತಿನ್ನುತ್ತಿರುವುದನ್ನು ನೆನಪಿಸಿಕೊಳ್ಳಲು ನೋಡಿದೆ. ಅವಳು ಹಿಟ್ಟು ಕಲಸುವುದು ನೆನಪಿಗೆ ಬಂತು, ಲಟ್ಟಿಸುವುದು ಬಂತು, ಸೆರಗಿನಲ್ಲಿ ಕಾವಲಿ ಇಳಿಸುವುದು ಬಂತು. ತಿನ್ನುವುದು ಬರಲಿಲ್ಲ. ನಾನು ಡ್ಯೂಟಿಗೆ ಹೋಗುತ್ತಿದ್ದೆ, ನೋಡಿಲ್ಲ ಎಂದು ನನ್ನ ಪರವಾಗಿ ನಾನೇ ವಾದಿಸಿದೆ. ನಿವೃತ್ತನಾಗಿ ನಾಲ್ಕು ವರ್ಷವಾಯಿತಲ್ಲ, ಆಗಿನದೂ ಬರಲಿಲ್ಲ. ತುಂಬ ನಾಚಿಕೆಯಾಯಿತು.

ಅಂದು ಸಂಜೆ ಅವಳನ್ನೇ ಕೇಳಿಬಿಟ್ಟೆ. ಅವಳಿಗೆ ರೇಗಿತು. ತಂಗಿಗೆ ಬಾಯಿ ಹೆಚ್ಚು ಎಂದಳು. ಆರಿದ್ದನ್ನು ಟೀಯಲ್ಲಿ ಅದ್ದಿಕೊಂಡು ತಿನ್ನುವ ರುಚಿ ನಿಮಗೇನು ಗೊತ್ತು, ನನಗೆ ಅದೇ ಇಷ್ಟ, ಅದಕ್ಕೆ ಯಾಕೆ ಮುಖ ಹಾಗೆ ಮಾಡಿಕೊಳ್ಳುತ್ತೀರಿ ಎಂದಳು. ಆ ಮಾತಿನಿಂದ ನನ್ನ ಗೊಂದಲ ಕಡಿಮೆಯಾಗುವ ಬದಲು ಹೆಚ್ಚಾಯಿತು. ಇಷ್ಟ ಎನ್ನುವುದು ನಿಜವಾದ ಇಷ್ಟವೋ, ಬೇರೆ ಸಿಗದೆ ಆದ ಇಷ್ಟವೋ? ಅವಳಿಗೇ ಅದು ಗೊತ್ತಿದೆಯೋ ಇಲ್ಲವೋ? ಗೊತ್ತಿಲ್ಲದಿದ್ದರೆ ಕೇಳಿ ತಿಳಿಯುವುದು ಯಾರನ್ನು?

ಬೆಳಿಗ್ಗೆ ಕಾವಲಿಯ ಮುಂದೆ ನಿಂತವನಿಗೆ ಏನು ಮಾಡಬೇಕೆಂದು ತೋಚಲಿಲ್ಲ. ಬಿಸಿಯಾಗಿ ಕೊಟ್ಟರೆ ನಾಲಿಗೆ ಸುಡುತ್ತದೆ. ಅವಳದನ್ನು ಮೊದಲೇ ಮಾಡಿ ಆರಲು ಇಟ್ಟು ನಾನು ಬಿಸಿ ತಿಂದರೆ, ಇಷ್ಟು ವರ್ಷ ನಡೆದದ್ದನ್ನೇ ಈಗ ನನ್ನ ಕೈಯಾರೆ ನಡೆಸಿದಂತೆ. ಕೊನೆಗೆ ಎರಡೂ ತಟ್ಟೆ ತಂದು ಸ್ಟೂಲಿನ ಮೇಲಿಟ್ಟು ನಾನೂ ಕುರ್ಚಿ ಎಳೆದುಕೊಂಡು ಕೂತೆ. ಇಬ್ಬರೂ ಪರೋಟ ಆರುವುದನ್ನು ನೋಡಿದೆವು. ಆಮೇಲೆ ಟೀಯಲ್ಲಿ ಅದ್ದಿ ತಿಂದೆವು. ಅದ್ದುವುದಕ್ಕೆ ಮುಂಚೆ ಎರಡು ಮಡಿಕೆ ಮಾಡಬೇಕು, ಇಲ್ಲದಿದ್ದರೆ ಲೋಟದೊಳಗೆ ಕಳಚಿ ಬೀಳುತ್ತದೆ ಎಂದು ಅವಳು ಹೇಳಿಕೊಟ್ಟಳು. ಕೆಟ್ಟದಾಗಿರಲಿಲ್ಲ. ಮುಂದಿನ ವಾರಗಳಲ್ಲಿ ನಾನು ಬೇಗ ಕೊಡುತ್ತಾ, ಅವಳು ಊದಿ ಊದಿ ತಿನ್ನುತ್ತಾ, ಕೊನೆಯ ಪ್ಯಾಕೆಟ್ಟಿನ ಹೊತ್ತಿಗೆ ಉಗುರುಬೆಚ್ಚಗಿನವರೆಗೆ ಬಂದಿದ್ದೆವು. ಇದೇ ನಮ್ಮ ಮನೆಯ ರೂಮ್ ಟೆಂಪರೇಚರ್ ಎಂದು ನಾನು ಹೇಳಿದರೆ ಅವಳು ನಕ್ಕಳು. ಒಂದು ದೊಡ್ಡ ಕೆಲಸ ಮುಗಿಸಿದವನಂತೆ ನಾನು ಬೀಗಿದೆ.

ಊಟಿಗೆ ಹೋಗಿ ಪ್ಲಾಸ್ಟರ್ ಬಿಚ್ಚಿಸಿಕೊಂಡು ಬಂದ ಮಾರನೆಯ ಬೆಳಿಗ್ಗೆ ನಾನು ಏಳುವ ಮೊದಲೇ ಅಡುಗೆಮನೆಯಿಂದ ಲಟ್ಟಣಿಗೆಯ ಸದ್ದು ಬರುತ್ತಿತ್ತು. ಬೇಡ, ಕೈ ಇನ್ನೂ ಪೆಡಸಾಗಿದೆ ಎಂದರೆ ಕೇಳಲಿಲ್ಲ. ಅಡ್ಡಾದಿಡ್ಡಿಯಾಗಿ ಬಂದ ಚಪಾತಿಯೊಂದನ್ನು ಕಾವಲಿಯಿಂದ ನೇರ ನನ್ನ ತಟ್ಟೆಗೆ ಹಾಕಿದಳು. ನಾನು ಮುಟ್ಟದೆ ಕೂತೆ, ಅವಳು ಬರಲಿ ಎಂದು. ಚಪಾತಿ ಇಳಿಯಿತು, ಆರಿತು. ಅವಳು ತಿರುಗಿ ನೋಡಿದಳು. ಮುಖ ಸಣ್ಣದಾಯಿತು.

"ಯಾಕ್ರೀ, ಸರಿಯಾಗಿಲ್ವಾ?"

ಮೊದಲೆರಡು ವಾರ ನನ್ನ ಮುಖದಲ್ಲಿದ್ದದ್ದೇ ಅದು, ಚೆನ್ನಾಗಿ ಗುರುತು ಸಿಕ್ಕಿತು. ಸರಿಯಾಗಿದೆ, ನೀನೂ ಬಾ, ಒಟ್ಟಿಗೆ ತಿನ್ನೋಣ ಎಂದೆ. ಬರುತ್ತೇನೆ, ಇನ್ನು ಎರಡೇ ಇವೆ ಎಂದಳು. ಬಂದಳು ಕೂಡ, ಉಬ್ಬಿದ ಹೊಸ ಚಪಾತಿಯನ್ನು ಸಟ್ಟುಗದ ಮೇಲೆ ಹಿಡಿದುಕೊಂಡು. ನನ್ನ ತಟ್ಟೆಯಲ್ಲಿ ಆರಿಹೋಗಿದ್ದದ್ದನ್ನು ಎಡಗೈಯಲ್ಲಿ ತೆಗೆದು ತನ್ನ ತಟ್ಟೆಗೆ ಹಾಕಿಕೊಂಡಳು. ಬಿಸಿಯದನ್ನು ನನಗೆ ಹಾಕಿದಳು.

"ಬಿಸಿ ಇರೋವಾಗ ತಿನ್ನಿ," ಎಂದು ನಕ್ಕಳು. "ನಿಮ್ಮ ಗಂಟೇನು ಹೋಗುತ್ತೆ?"

ನನಗೆ ಸಿಟ್ಟು ಬಂತು. ಯಾರ ಮೇಲೆ ಎಂದು ತಿಳಿಯಲಿಲ್ಲ. ಅವಳು ಮತ್ತೆ ಒಲೆಯ ಕಡೆ ತಿರುಗಿದಳು. ಚಪಾತಿ ತುಂಬ ಚೆನ್ನಾಗಿತ್ತು, ಆರುವುದರೊಳಗೆ ತಿಂದು ಮುಗಿಸಿದೆ.